ಬೂಟ್ಸಿನ ಹೆಂಗಸು ಮತ್ತು ಎರಡು ಬೆರಳಿನ ಉಸಿರು

ಸೊಂಟದ ಬೆಲ್ಟಿಗೆ ಐದೇ ತೂತುಗಳು ಯಾಕಿರುತ್ತವೆ ಎಂದು ನೀವು ಯಾವತ್ತಾದರೂ ಯೋಚಿಸಿದ್ದುಂಟೇ? ಇರಲಿಕ್ಕಿಲ್ಲ. ಹೊಟ್ಟೆಯನ್ನು ಹದ್ದುಬಸ್ತಿನಲ್ಲಿಟ್ಟುಕೊಂಡವರಿಗೆ ಇಂಥ ತಾತ್ವಿಕ ಜಿಜ್ಞಾಸೆ ಹುಟ್ಟುವುದಿಲ್ಲ. ನನ್ನ ಪಾಲಿಗಾದರೋ ಬೆಲ್ಟೆಂಬುದು ಚರ್ಮದ ಮೇಲೆ ಬರೆದ ಆತ್ಮಚರಿತ್ರೆ. ಕಾಲೇಜಿನ ದಿನಗಳಲ್ಲಿ ಎರಡನೆಯ ತೂತಿನಲ್ಲಿ ಸುಖವಾಗಿದ್ದವನು ಕೆಲಸಕ್ಕೆ ಸೇರಿದ ವರ್ಷ ಮೂರಕ್ಕೆ ಬಡ್ತಿ ಪಡೆದೆ. ನಾಲ್ಕನೆಯದರಲ್ಲಿ ಒಂದು ಮಳೆಗಾಲವೂ ಪೂರ್ತಿ ನಿಲ್ಲಲಿಲ್ಲ. ಐದನೆಯದರಲ್ಲಿ ಉಸಿರು ಬಿಗಿಹಿಡಿದು ಎರಡು ವರ್ಷ ಸಂಸಾರ ಮಾಡಿದೆ. ಮೊನ್ನೆ ಭಾನುವಾರ ಕೋಳಿ ಸುಕ್ಕದ ಜೊತೆ ಎಷ್ಟನೆಯದೋ ನೀರುದೋಸೆ ಒಳಹೋಗುತ್ತಿದ್ದಂತೆ ಐದನೆಯ ತೂತೂ ಕೈಕೊಟ್ಟಿತು. ಆರನೆಯದನ್ನು ನಾನೇ ಕೊರೆಯೋಣವೆಂದು ಇಕ್ಕುಳದಲ್ಲಿ ಮೊಳೆ ಹಿಡಿದು ಗ್ಯಾಸಿನ ಉರಿಯಲ್ಲಿ ಕೆಂಪಗೆ ಕಾಯಿಸಿ ಬೆಲ್ಟಿಗೆ ಒತ್ತಿದೆ. ಮನೆ ತುಂಬ ಹೊಗೆ.

"ಎಂತ ಸುಟ್ಟ್ ವಾಸ್ನಿ ಮಾರಾಯಾ? ಮೀನ್ ಸುಡುಕ್ ಹಾಕಿದ್ಯಾ?" ಎನ್ನುತ್ತ ಅಮ್ಮ ಒಳಬಂದಳು.

"ಬೆಲ್ಟ್ ಅಮ್ಮ."

"ಹೊಟ್ಟಿ ಕರ್ಗ್ಸುದ್ ಬಿಟ್ಟ್ ಬೆಲ್ಟ್ ಸುಡ್ತಾ ಇದ್ದ, ಕಾಣಿ! ಶೀನಜ್ಜನ್ ಹತ್ರ ಕೊಟ್ರೆ ಒಂದ್ ಗಳ್ಗಿ ಕೆಲ್ಸ ಅಲ್ದಾ ಅದ್?"

ಅಮ್ಮ ಹೇಳಿದ್ದು ಸರಿಯೇ. ಆದರೆ ಶೀನಜ್ಜನಿರುವ ಬಿಜೂರಿಗೆ ನಾನು ಹೋಗದೆ ಎರಡು ತಿಂಗಳಾಗಿತ್ತು. ಹೋಗುವ ಮುಖ ಉಳಿದಿರಲಿಲ್ಲ. ಯಾಕೆಂದು ಹೇಳುತ್ತೇನೆ, ನೀವು ನಗುವಿರೆಂದು ಗೊತ್ತು, ನಗಿ, ಆದರೆ ನಕ್ಕು ಮುಗಿದ ಮೇಲೆ ನನ್ನ ಜೊತೆ ಸ್ವಲ್ಪ ಸಿಟ್ಟೂ ಮಾಡಿಕೊಳ್ಳಿ. ಒಬ್ಬನೇ ಸಿಟ್ಟು ಮಾಡಿಕೊಂಡು ನನಗೆ ಸಾಕಾಗಿದೆ.

ನಾನು ಕುಂದಾಪುರದಿಂದ ದಿನಾ ಬ್ರಹ್ಮಾವರಕ್ಕೆ ಬಸ್ಸು ಹತ್ತಿ ಹೋಗಿ ಅಲ್ಲಿನ ಒಂದು ಫ್ಲೆಕ್ಸ್ ಅಂಗಡಿಯಲ್ಲಿ ಬ್ಯಾನರುಗಳ ವಿನ್ಯಾಸ ಮಾಡುವವನು. ವಿನ್ಯಾಸವೆಂದರೆ ದೊಡ್ಡ ಮಾತು; ಮುಖಗಳಿಗೆ ಬಿಳಿ ಬಳಿದು, ಹೆಸರುಗಳ ಹಿಂದೆ ಹೂವು ಸಿಕ್ಕಿಸುವ ಕೆಲಸ. ಈ ಕ್ಷೇತ್ರದಲ್ಲಿ ನನ್ನ ಕೀರ್ತಿ ಸಾಮಾನ್ಯವಲ್ಲ. ಒಮ್ಮೆ ಗೃಹಪ್ರವೇಶದ ಬ್ಯಾನರಿನಲ್ಲಿ ಜೀವಂತವಿದ್ದ ಯಜಮಾನರಿಗೆ 'ಹಾರ್ದಿಕ ಶ್ರದ್ಧಾಂಜಲಿ' ಕೋರಿದವನು ನಾನೇ. ಯಜಮಾನರು ಬ್ಯಾನರಿನ ಅಡಿಯಲ್ಲೇ ನಿಂತು ಅತಿಥಿಗಳನ್ನು ಬರಮಾಡಿಕೊಳ್ಳುತ್ತಿದ್ದುದರಿಂದ ಹೆಚ್ಚಿನ ಗೊಂದಲವಾಗಲಿಲ್ಲ.

ಶೀನಜ್ಜನೆಂದರೆ ನನ್ನ ಅಮ್ಮಮ್ಮನ ತಮ್ಮ. ಎಂಬತ್ತೇಳರ ಪ್ರಾಯ. ಹೊಲಿಗೆಯವರು, ಅದರಲ್ಲೂ ಯಕ್ಷಗಾನದ ವೇಷದ ಬಟ್ಟೆ ಹೊಲಿದವರು. ಮೇಳದ ಹೆಸರು ಊರಿಗೆಲ್ಲ ಗೊತ್ತು, ಕಲಾವಿದನ ಹೆಸರು ಮಕ್ಕಳಿಗೂ ಗೊತ್ತು; ಆದರೆ ರಾತ್ರಿಯಿಡೀ ಕುಣಿದರೂ ಜಾರದ ಹಾಗೆ ಅವನ ಸೊಂಟದ ಪಟ್ಟಿ ಹೊಲಿದವನ ಹೆಸರು ಯಾರಿಗೆ ಬೇಕು? ಎಂಬತ್ತೇಳು ವರ್ಷದಲ್ಲಿ ಶೀನಜ್ಜನ ಹೆಸರು ಅಚ್ಚಾದದ್ದು ಪಡಿತರ ಚೀಟಿಯಲ್ಲಿ ಮಾತ್ರ. ಅಲ್ಲೂ ಅದು ತಪ್ಪಾಗಿದೆ. ಹಾಗಿರುವಾಗ ಈ ವರ್ಷ ಬೈಂದೂರಿನ ಕಲಾಭಿಮಾನಿಗಳ ಸಂಘದವರು ತಮ್ಮ ವಾರ್ಷಿಕೋತ್ಸವದಲ್ಲಿ ಅವರಿಗೆ ಸನ್ಮಾನ ಮಾಡುವುದೆಂದು ತೀರ್ಮಾನಿಸಿದರು. ಸ್ಮರಣ ಸಂಚಿಕೆಯಲ್ಲಿ ಒಂದು ಪುಟ, ವೇದಿಕೆಯಲ್ಲಿ ಒಂದು ಶಾಲು, ಬಿಜೂರು ಬಸ್‌ಸ್ಟಾಪಿನಲ್ಲಿ ಒಂದು ಫ್ಲೆಕ್ಸ್. ಪುಟವನ್ನು ಬರೆಯುವ ಕೆಲಸವೂ ಫ್ಲೆಕ್ಸ್ ಮಾಡುವ ಕೆಲಸವೂ, 'ಮನೆಯವನೇ ಅಲ್ಲವೇ' ಎಂಬ ಅಪಾಯಕಾರಿ ಕಾರಣಕ್ಕೆ, ನನ್ನ ಪಾಲಿಗೆ ಬಂದವು.

ಸುದ್ದಿ ಕೇಳಿದ ಮಾರನೆಯ ದಿನ ಶೀನಜ್ಜ ವರ್ಷಗಳಿಂದ ಮುಚ್ಚಿಟ್ಟಿದ್ದ ಹೊಲಿಗೆ ಯಂತ್ರದ ಹೊದಿಕೆ ತೆಗೆದು, ಸೂಜಿಗೆ ನೂಲು ಪೋಣಿಸಿ, ತಮಗಾಗಿ ಒಂದು ಬಿಳಿ ಅಂಗಿ ಹೊಲಿಯಲು ಕುಳಿತರಂತೆ. ಜೀವಮಾನವಿಡೀ ಊರಿನವರಿಗೆ ಹೊಲಿದವರು ತಮ್ಮ ಅಂಗಿಯನ್ನು ಯಾವಾಗಲೂ ಉಳಿದ ತುಂಡುಗಳಲ್ಲಿ ಪೂರೈಸಿಕೊಂಡವರು. ಈ ಸಲ ಇಡೀ ಬಟ್ಟೆ ತಂದಿದ್ದರು.

ಪುಟಕ್ಕೆ ವಿಷಯ ಸಂಗ್ರಹಿಸಲು ನಾನು ಬಿಜೂರಿಗೆ ಹೋದ ದಿನ ಆ ಅಂಗಿಗೆ ಗುಂಡಿ ಹಾಕುವುದು ಮಾತ್ರ ಬಾಕಿಯಿತ್ತು. ನೀವು ಈ ವಿದ್ಯೆ ಕಲಿತದ್ದು ಯಾರಿಂದ ಎಂಬ ನನ್ನ ಮಾಮೂಲಿ ಪ್ರಶ್ನೆಗೆ ಶೀನಜ್ಜ ಎದ್ದು ಹೋಗಿ ಪೆಟ್ಟಿಗೆಯಿಂದ ನಾಲ್ಕು ಪುಟ್ಟ ಪುಸ್ತಕಗಳನ್ನು ತಂದು ನನ್ನ ಮಡಿಲಿಗೆ ಹಾಕಿದರು. ಅಂಗೈಗಿಂತ ಸ್ವಲ್ಪ ದೊಡ್ಡವು, ಇಂಗ್ಲಿಷಿನವು, ಅಂಚೆಲ್ಲ ಹಳದಿಗಟ್ಟಿದವು. ಬಿಡಿಸಿ ನೋಡಿದರೆ ರೇಖಾಚಿತ್ರದ ಒಬ್ಬಳು ಹೆಂಗಸು. ಮೊಣಕಾಲು ಮೀರಿದ ಬೂಟು, ಅದರ ಹಿಮ್ಮಡಿ ನಮ್ಮ ಬಾವಿಕಟ್ಟೆಯಷ್ಟು ಎತ್ತರ. ತೋಳಿನವರೆಗೆ ಕಪ್ಪು ಕೈಗವಸು. ನಡುವಿಗೆ ದಾರದಿಂದ ಬಿಗಿದ ಪಟ್ಟಿ. ನಡುವೋ, ಲೋಟದೊಳಗೆ ತೂರಿಸಬಹುದು. ನಾನು ತಟ್ಟನೆ ಪುಸ್ತಕ ಮುಚ್ಚಿ, ಗುಲಾಬಜ್ಜಿ, ಅಂದರೆ ಶೀನಜ್ಜನ ಹೆಂಡತಿ, ಎಲ್ಲಾದರೂ ನೋಡಿದರೋ ಎಂದು ಕಳ್ಳನ ಹಾಗೆ ಅಡುಗೆಮನೆಯತ್ತ ಕಣ್ಣು ಹಾಯಿಸಿದೆ.

"ಅದೆಂತ ಹೆದ್ರುದ್?" ಎಂದರು ಶೀನಜ್ಜ. "ಬೂಟ್ಸಿನ ಪುಸ್ತಕ ಅದ್. ಅದ್ರಗೆ ಇಪ್ಪ ಹೆಂಗ್ಸೇ ನಂಗ್ ಹೊಲ್ಗಿ ಕಲ್ಸದ್ದ್, ಕಾಣ್."

ಕತೆ ಹೀಗೆ. ನಮ್ಮ ಕಡೆಯ ಎಲ್ಲರ ಹಾಗೆ ಪ್ರಾಯಕಾಲದಲ್ಲಿ ಮುಂಬೈಗೆ ಹೋದ ಶೀನಜ್ಜ ಹೋಟೆಲಿನಲ್ಲಿ ಲೋಟಗಳನ್ನು ತೊಳೆದದ್ದಕ್ಕಿಂತ ಹೆಚ್ಚು ಒಡೆದು, ಪಕ್ಕದ ದರ್ಜಿ ಅಂಗಡಿಗೆ ವರ್ಗವಾದರು. ಅಲ್ಲಿಗೆ ಒಂದು ದಿನ ದೊಡ್ಡ ಹೋಟೆಲಿನಲ್ಲಿ ಹಾಡುವ ವಿದೇಶದ ಹೆಂಗಸೊಬ್ಬಳು ಬಂದು, ಕಂದು ಕಾಗದ ಸುತ್ತಿದ ಪುಸ್ತಕ ತೆಗೆದು, ಚಿತ್ರಕ್ಕೆ ಬೆರಳಿಟ್ಟು, ಇಂಥದ್ದೇ ನಡುಪಟ್ಟಿ ಬೇಕು ಎಂದಳಂತೆ. ಹಿರಿಯ ದರ್ಜಿ ಒಂದೇ ನೋಟಕ್ಕೆ ಬೆವರಿ, ಇದು ಬಟ್ಟೆಯಲ್ಲ, ಶಿಕ್ಷೆ ಎಂದು ಕೈಚೆಲ್ಲಿದರು. ಆದರೆ ಶೀನಜ್ಜನಿಗೆ ಕಂಡದ್ದೇ ಬೇರೆ.

"ಚೌಕಿಯಗೆ ವೇಷ ಕಟ್ಟುದ್ ಕಂಡ್ ಬೆಳ್ದವ್ನಿಗ್ ಅದೆಂತ ಹೊಸ್ತಾ? ಬೆನ್ನಿಗ್ ಮೊಣ್ಕಾಲ್ ಕೊಟ್ಟ್ ಎಳ್ದ್ ಕಟ್ಟುದ್ ಕಂಡಿದ್ದೆ. ನಾ ಹೊಲಿತೆ ಅಂದೆ."

ನಮ್ಮಲ್ಲಿ ವೇಷವನ್ನು ಯಾರೂ ತೊಡುವುದಿಲ್ಲ, ಕಟ್ಟುತ್ತಾರೆ. ಬಣ್ಣದ ಕೋಣೆಯಾದ ಚೌಕಿಯಲ್ಲಿ ಸುತ್ತು ಸುತ್ತು ಬಟ್ಟೆ ಬಿಗಿದು ಮನುಷ್ಯನೊಬ್ಬನನ್ನು ಕಟ್ಟಿ ಮುಗಿಸುವಾಗ ಅವನು ಇನ್ನೊಬ್ಬನಾಗಿರುತ್ತಾನೆ. ಆ ಜ್ಞಾನವನ್ನು ಶೀನಜ್ಜ ಮುಂಬೈಯಲ್ಲಿ ವಿದೇಶದ ನಡುವಿಗೆ ಧಾರೆಯೆರೆದರು. ಹಾಡುವ ಹೆಂಗಸು ಖುಷಿಯಾಗಿ, ಊರಿಗೆ ಮರಳುವಾಗ ನಾಲ್ಕೂ ಪುಸ್ತಕಗಳನ್ನು ಅವರಿಗೇ ಬಿಟ್ಟುಹೋದಳು. ಶೀನಜ್ಜ ಅವುಗಳನ್ನು ಹಿಡಿದು ಬಿಜೂರಿಗೆ ಬಂದು, ಬೂಟ್ಸಿನ ಹೆಂಗಸಿನ ಪಟ್ಟಿಯ ಮಾದರಿಯಲ್ಲೇ ನಮ್ಮ ಸ್ತ್ರೀವೇಷದ ಗಂಡಸರಿಗೆ ಒಂದು ನಡುಪಟ್ಟಿ ಹೊಲಿದರು. ಅದಕ್ಕೆ ಬಿಗಿಪಟ್ಟಿ ಎಂದು ಅವರೇ ಹೆಸರಿಟ್ಟದ್ದು.

"ಬಿಗಿದ್ ಕಟ್ಟುಕ್ ಯಾರಿಗೂ ಬತ್ತ್ ಮಾಣಿ," ಎಂದು ತಮ್ಮ ತೋರುಬೆರಳು, ನಡುಬೆರಳು ಜೋಡಿಸಿ ತೋರಿಸಿದರು. "ಉಸ್ರಿಗ್ ಎರ್ಡ್ ಬೆರ್ಳ್ ಜಾಗ ಬಿಟ್ಟ್ ಬಿಗಿಕ್. ಅದೇ ವಿದ್ಯೆ. ಮತ್ತೆಲ್ಲ ಬರೀ ಗಂಟ್."

ಆ ಪುಸ್ತಕಗಳನ್ನು ಮನೆಗೆ ತಂದು, ಬಾಗಿಲು ಹಾಕಿಕೊಂಡು, ನಿಘಂಟಿನ ಸಹಾಯದಿಂದ ಓದಿದೆ. ಬಾಗಿಲು ಹಾಕಿದ್ದೇ ತಪ್ಪಾಯಿತು. ಅಮ್ಮ ಮೂರು ಸಲ ಕದ ಬಡಿದು 'ಹುಷಾರಿಲ್ಯಾ?' ಎಂದು ಕೇಳಿದಳು. ಮೇಲಿಂದ ಮೇಲೆ ಅಂತರ್ಜಾಲವನ್ನೂ ಜಾಲಾಡಿದೆ. ಕಳೆದ ಶತಮಾನದ ನಡುಭಾಗದಲ್ಲಿ ದೂರದ ದೊಡ್ಡ ಊರುಗಳಲ್ಲಿ ಇಂಥ ಪತ್ರಿಕೆಗಳು ಗುಟ್ಟಾಗಿ ಹುಟ್ಟಿ, ಗುಟ್ಟಾಗಿ ಬದುಕಿ, ಹೆಚ್ಚಿನವು ಗುಟ್ಟಾಗಿಯೇ ಸತ್ತವು. ಕೆಲವರಿಗೆ ಮನುಷ್ಯರ ಮುಖಕ್ಕಿಂತ ಬೂಟಿನ ಮೇಲೆ ಮೋಹ, ಕೆಲವರಿಗೆ ಕೈಗವಸಿನ ಮೇಲೆ, ಕೆಲವರಿಗೆ ಬಿಗಿದ ನಡುವಿನ ಮೇಲೆ. ಅಂಥ ವಸ್ತುಮೋಹಿಗಳಿಗಾಗಿ ಅಂಥವರೇ ನಡೆಸಿದ ಪತ್ರಿಕೆಗಳಿವು. ಅಂಗಡಿಯ ಮೇಜಿನ ಅಡಿಯಿಂದ, ಇಲ್ಲವೇ ಕಂದು ಲಕೋಟೆಯಲ್ಲಿ ಅಂಚೆಯಿಂದ ಓದುಗರ ಕೈ ಸೇರುತ್ತಿದ್ದವು. ಚಿತ್ರ ಬರೆದವರು ನಿಜ ಹೆಸರು ಹಾಕುವಂತಿರಲಿಲ್ಲ. ಹೊಲಿದವರ ಹೆಸರಂತೂ ಕೇಳಲೇಬೇಡಿ, ನಮ್ಮಲ್ಲಿಲ್ಲದ್ದು ಅಲ್ಲೆಲ್ಲಿಂದ?

ಈಗ ನನ್ನ ಸಿಟ್ಟಿನ ಮೊದಲ ಕಂತನ್ನು ಸ್ವೀಕರಿಸಿ. ಈ ನಾಲ್ಕು ಪುಸ್ತಕಗಳನ್ನು ಸೋಸಿ ಸೋಸಿ ನೋಡಿದರೂ, ಸಂಶೋಧನೆಯ ದೃಷ್ಟಿಯಿಂದಲೇ ಎಂದು ದಯವಿಟ್ಟು ನಂಬಿ, ಒಂದು ಚದರ ಅಂಗುಲ ಹೊಟ್ಟೆ ಕಾಣಲಿಲ್ಲ. ಕುತ್ತಿಗೆಯಿಂದ ಕಾಲ್ಬೆರಳಿನವರೆಗೆ ಚರ್ಮದ ಮೇಲೆ ಚರ್ಮ, ಗುಂಡಿಯ ಮೇಲೆ ಗುಂಡಿ. ನಮ್ಮನೆಯ ಮದುವೆ ಆಲ್ಬಮ್ಮಿನ ಚಿಕ್ಕಮ್ಮಂದಿರ ಸೀರೆಯಲ್ಲಿ ಇದಕ್ಕಿಂತ ಧಾರಾಳವಾಗಿ ಗಾಳಿಯಾಡುತ್ತದೆ. ಬಟ್ಟೆ ಕಡಿಮೆಯಾದರೆ ಅಶ್ಲೀಲವೆಂದು ಕೇಳಿದ್ದೆ; ಹೆಚ್ಚಾದರೂ ಅಶ್ಲೀಲವೆಂದು ಈಗ ತಿಳಿಯಿತು. ಆ ಕಾಲದ ಅಧಿಕಾರಿಗಳು ಅಂಚೆಯಲ್ಲೇ ಅವನ್ನು ಹಿಡಿದರು, ಅಂಗಡಿಗಳಿಗೆ ನುಗ್ಗಿದರು, ಪ್ರಕಾಶಕರನ್ನು ಕಟಕಟೆಗೆ ಹತ್ತಿಸಿದರು. ಎಷ್ಟೋ ಚಿತ್ರಗಳು ಬೆಂಕಿಗೆ ಹೋದವು. ಆಮೇಲೆ ಏನಾಯಿತು? ಅದೇ ಬೂಟು, ಅದೇ ಪಟ್ಟಿ, ಅದೇ ಕೈಗವಸನ್ನು ದೊಡ್ಡ ದೊಡ್ಡ ವಸ್ತ್ರವಿನ್ಯಾಸಕರು ಸದ್ದಿಲ್ಲದೆ ಎತ್ತಿಕೊಂಡರು, ಗಾಯಕಿಯರು ವೇದಿಕೆಗೆ ಹಾಕಿಕೊಂಡು ಬಂದರು, ಚಿತ್ರಕತೆಗಳ ವೀರನಾರಿಯರು ಆ ಬೂಟಿನಲ್ಲೇ ಲೋಕ ಕಾಪಾಡಿದರು. ಮೇಜಿನ ಅಡಿಯಲ್ಲಿದ್ದಾಗ ಕೊಳಕು, ಗಾಜಿನ ಹಿಂದೆ ಬಂದಾಗ ಕಲೆ!

ಪುಸ್ತಕಗಳ ಹಿಂಬದಿಯಲ್ಲಿ ಓದುಗರ ಪತ್ರಗಳಿದ್ದವು. ಅರ್ಧ ಪತ್ರಗಳನ್ನು ಸಂಪಾದಕರೇ ಕುಳಿತು ಬರೆದಿರಬೇಕೆಂದು ಫ್ಲೆಕ್ಸ್ ಕ್ಷೇತ್ರದ ಅನುಭವದಿಂದ ಊಹಿಸಬಲ್ಲೆ. 'ಹಿತೈಷಿಗಳು ಮತ್ತು ಅಭಿಮಾನಿ ಬಳಗ' ಎಂದು ನಾನೂ ಸಾಕಷ್ಟು ಬರೆದಿದ್ದೇನೆ. ಉಳಿದರ್ಧ ಮಾತ್ರ ನಿಜವೆನ್ನಿಸಿತು. ಯಾವುದೋ ಸಣ್ಣ ಊರಿನ ಗಂಡಸೊಬ್ಬ, ನನಗೆ ಹೆಂಗಸರ ಉಡುಪು ತೊಡಬೇಕೆನ್ನಿಸುತ್ತದೆ, ನನ್ನಂಥವರು ಇನ್ನೊಬ್ಬರಾದರೂ ಇದ್ದಾರೆಯೇ ಎಂದು ಹೆಸರು ಮುಚ್ಚಿಟ್ಟು ಕೇಳಿದ್ದ. ಅವನು ಅಲ್ಲಿ ಹೀಗೆ ಬರೆಯುತ್ತಿದ್ದ ಹೊತ್ತಿಗೆ ಇಲ್ಲಿ ನಮ್ಮ ಬಯಲಿನಲ್ಲಿ ಸೀರೆಯುಟ್ಟ ಗಂಡಸಿನ ನಾಚಿಕೆಯನ್ನು ಕಾಣಲು ಊರಿಗೆ ಊರೇ ಚಾಪೆ ಹಿಡಿದು ಬರುತ್ತಿತ್ತಲ್ಲ! ಅವನಿಗೆ ಬಿಜೂರಿನ ವಿಳಾಸ ಕೊಡುವವರೊಬ್ಬರು ಇದ್ದಿದ್ದರೆ?

ಬಿಗಿಪಟ್ಟಿ ಕಟ್ಟಿ ಕುಣಿದ ಕೊನೆಯವರಲ್ಲಿ ಒಬ್ಬರಾದ ಸಂಜೀವಣ್ಣ ಕೊಕ್ಕರ್ಣೆಯಲ್ಲಿದ್ದಾರೆ. ಈಗ ಸೊಂಟ ಬಾಗಿದೆ, ಮೀಸೆ ನರೆತಿದೆ, ಆದರೂ ಚಾ ಲೋಟ ಹಿಡಿಯುವಾಗ ಕಿರುಬೆರಳು ತಾನಾಗಿ ಮೇಲೇಳುತ್ತದೆ. ಅವರನ್ನೂ ಹೋಗಿ ಕಂಡೆ. "ಅದ್ಕ್ ಮುಂಚೆ ಹಗ್ಗ ಕಟ್ಟುದೇ ಆಯಿದಿತ್ತ್ ಮಾರಾಯಾ. ಬೆಳ್ಗ್ ಬಿಚ್ಚುವತಿಗ್ ಸೊಂಟದ್ ಸಿಪ್ಪಿ ಎದ್ದ್ ಬತ್ತಿತ್. ಶೀನಣ್ಣನ್ ಪಟ್ಟಿ ಕಟ್ಕಂಡ್ ಮೇಲೆ ನಂಗ್ ಹಾಡಿನ್ ಮಧ್ಯ ಉಸ್ರ್ ಬಿಡುಕ್ ಆಯ್ತ್. ಮೂವತ್ತ್ ವರ್ಷ ಕುಣ್ದೆ," ಎಂದರು. ಬೂಟ್ಸಿನ ಹೆಂಗಸಿನ ಪರಂಪರೆಯ ಬಗ್ಗೆ ಲೋಕದಲ್ಲಿ ಯಾರು ಏನೇ ಬರೆದಿರಲಿ, ಈ ಮೂವತ್ತು ವರ್ಷವನ್ನು ಬರೆದಿರಲಾರರು. ಅದನ್ನು ನಾನು ಬರೆಯುತ್ತೇನೆ ಎಂದು ಎದೆಯುಬ್ಬಿಸಿಕೊಂಡೆ. ಬೆಲ್ಟಿನ ಸ್ಥಿತಿ ಗಮನಿಸಿದರೆ ಉಬ್ಬಿದ್ದು ಎದೆಯೇ ಎಂದು ಖಚಿತವಾಗಿ ಹೇಳಲಾರೆ.

ಉಬ್ಬಿದವನು ಏನು ಮಾಡಿದೆ ಕೇಳಿ. ಫ್ಲೆಕ್ಸಿಗಾಗಿ ಶೀನಜ್ಜನ ಭಾವಚಿತ್ರ ಇಟ್ಟು, ಹಿಂದೆ ಏನಾದರೂ ಇರಲಿ ಎಂದು ಪ್ರಯೋಗಕ್ಕಾಗಿ ಬೂಟ್ಸಿನ ಹೆಂಗಸಿನ ಚಿತ್ರವನ್ನು ಮಸುಕಾಗಿ ಕೂರಿಸಿ ನೋಡಿದೆ. ಚಂದ ಕಂಡಿತು. ಆದರೂ ಬೇಡವೆಂದು ವಿವೇಕ ಹೇಳಿತು, ಅಳಿಸುವ ಮೊದಲು ಊಟಕ್ಕೆ ಹೋದೆ, ಊಟ ಮಾಡಿ ಬಂದವನು ವಿವೇಕವನ್ನು ಊಟದೆಲೆಯ ಜೊತೆ ಎಸೆದು ಬಂದಿದ್ದೆ. ಫೈಲು ಹಾಗೇ ಮುದ್ರಣಕ್ಕೆ ಹೋಯಿತು. ಮರುದಿನ ಬಿಜೂರು ಬಸ್‌ಸ್ಟಾಪಿನಲ್ಲಿ, ಹತ್ತಡಿ ಎತ್ತರದಲ್ಲಿ, ಕೈಮುಗಿದು ನಿಂತ ಶೀನಜ್ಜನ ಬೆನ್ನ ಹಿಂದೆ, ಕೈಗವಸಿನ ಕೈಯನ್ನು ನಡುವಿನ ಮೇಲಿಟ್ಟು ಬೂಟ್ಸಿನ ಹೆಂಗಸು ಅವತರಿಸಿದ್ದಳು.

ಸುದ್ದಿ ತಿಳಿದು ನಾನು ಬಸ್ಸಿನಲ್ಲಿ ಬೆವರುತ್ತ ಓಡಿಬಂದೆ. ಕಲ್ಲು ಬೀಳುತ್ತಿರಬಹುದೆಂದುಕೊಂಡಿದ್ದೆ. ಬಿದ್ದದ್ದು ಪ್ರಶಂಸೆ.

"ಹ್ವಾಯ್, ಇದ್ ಯಾವ ಮೇಳದ್ ವೇಷ ಮಾರ್ರೆ?"

"ಹೊಸ ಪ್ರಸಂಗ ಇರ್ಕ್. ರಾಕ್ಷಸಿ ಕಾಣಿ, ಕೈಯೆಲ್ಲ ಕಪ್ಪ್."

"ರಾಕ್ಷಸಿ ಎಂತಕ್ ಮಾರಾಯಾ, ಮುಖ ಚಂದ ಇತ್ತಲೆ? ಬಡಗುತಿಟ್ಟಾ, ತೆಂಕುತಿಟ್ಟಾ?"

"ಬೂಟ್ಸ್ ಕಂಡ್ರೆ ಘಟ್ಟದ್ ಮೇಲಿಂದ್ ಅನ್ಸತ್ತ್."

"ಯಾರ್ ವೇಷ ಮಾಡದ್ದೋ! ಗಂಡ್ಸ್ ಅಂಬುಕೇ ಸಾಧ್ಯ ಇಲ್ಲೆ. ಎಂತ ನಡು ಮಾರಾಯಾ!"

ನನಗೆ ಆನಂದಬಾಷ್ಪ ಬರುವುದೊಂದು ಬಾಕಿ. ಲೋಕವೆಲ್ಲ ಮೇಜಿನ ಅಡಿಗೆ ತಳ್ಳಿದ ಹೆಂಗಸನ್ನು ನನ್ನೂರು ಒಂದೇ ನೋಟಕ್ಕೆ ಚೌಕಿಯೊಳಗೆ ಸೇರಿಸಿಕೊಂಡಿತ್ತು. ತಪ್ಪು ತಿಳಿದರು ಎನ್ನುತ್ತೀರಾ? ಅದಕ್ಕಿಂತ ಸರಿಯಾಗಿ ಆ ಚಿತ್ರವನ್ನು ಇನ್ನಾರೂ ತಿಳಿದಿರಲಾರರು ಎಂದು ಈಗಲೂ ವಾದಿಸಬಲ್ಲೆ. ಎರಡು ದಿನ ಹಾಗೇ ಇತ್ತು. ಮೂರನೆಯ ದಿನ ಸಂಘದ ಅಧ್ಯಕ್ಷ ಸುಧಾಕರಣ್ಣನ ಫೋನು ಬಂತು. ಸುಧಾಕರಣ್ಣನಿಗೆ ಪೇಟೆಯಲ್ಲಿ ದೊಡ್ಡ ಬಟ್ಟೆ ಅಂಗಡಿಯಿದೆ.

"ನಿಂಗ್ ಮರ್ಲಾ, ತಲಿ ಸಮ ಇಲ್ಯಾ? ಅದ್ ಎಂತ ಪುಸ್ತಕದ್ ಚಿತ್ರ ಅಂದ್ ಗೊತ್ತಿತ್ತಾ? ನಮ್ಮ ತಂಗಿ ಮಗ ಮೊಬೈಲಗೆ ಹುಡ್ಕಿ ತೋರ್ಸ್ದ. ಹಲ್ಕಟ್ ಪುಸ್ತಕ! ಎಲ್ ಸಿಕ್ತ್ ನಿಂಗೆ?"

ಇಲ್ಲಿ ನಾನು ಏನು ಹೇಳಬೇಕಿತ್ತೆಂದು ನಿಮಗೂ ಗೊತ್ತು, ನನಗೂ ಗೊತ್ತು. ಹೇಳಿದ್ದೇನೆಂದರೆ, "ಅದ್... ಶೀನಜ್ಜನ್ ಪೆಟ್ಟಿಗ್ ಇದ್ದಿತ್ತ್... ಮಿಷಿನ್ ಮಿಸ್ಟೇಕ್ ಆಯ್ತ್ ಸುಧಾಕರಣ್ಣ." ಒಂದೇ ವಾಕ್ಯದಲ್ಲಿ ಅಜ್ಜನನ್ನೂ ಯಂತ್ರವನ್ನೂ ಹಿಡಿದುಕೊಟ್ಟು ನಾನು ಪಾರಾದೆ. ಬೈಗುಳದ ಆ 'ಹಲ್ಕಟ್' ಶಬ್ದದೊಳಗೂ ಒಂದು 'ಕಟ್ಟು' ಇದೆ ಎಂದು ಆಮೇಲೆ ಹೊಳೆಯಿತು. ನನಗೆ ಹೊಳೆಯುವುದೆಲ್ಲ ಆಮೇಲೆಯೇ.

ಮಾರನೆಯ ದಿನ ಸುಧಾಕರಣ್ಣ ಸಂಘದ ಇಬ್ಬರನ್ನು ಕಟ್ಟಿಕೊಂಡು ಶೀನಜ್ಜನ ಮನೆಗೆ ಬಂದರು. ನಾನೂ ಬಂದಿದ್ದೆ, ಬಸ್ಸಿನಲ್ಲಿ ಒಂದು ಜ್ವಲಂತ ಭಾಷಣವನ್ನು ಬಾಯಿಪಾಠ ಮಾಡಿಕೊಂಡು. ಜಗಲಿಯಲ್ಲಿ ಎಲ್ಲರೂ ಕುಳಿತರು. ಒಳಗೆ ಗೋಡೆಯ ಮೊಳೆಯಲ್ಲಿ ಬಿಳಿ ಅಂಗಿ ಇಸ್ತ್ರಿಯಾಗಿ ತೂಗುತ್ತಿತ್ತು.

"ಶೀನಣ್ಣ, ನಿಮ್ ಮೇಲೆ ನಮ್ಗ್ ಗೌರವ ಇತ್ತ್," ಎಂದು ಶುರುಮಾಡಿದರು ಸುಧಾಕರಣ್ಣ. "ಕಾಣಿ, ಶಾಲ್ ಸಮೇತ ತಕಂಡ್ ಬಂದಿದ್ದೆ. ಆ ಪುಸ್ತಕ ಒಂದ್ ನಮ್ಮೆದ್ರಗೇ ಬಚ್ಚಲ್ ಒಲೀಗ್ ಹಾಕಿ ಬಿಡಿ. ಅದಲ್ಲಿಗ್ ಮುಗೀತ್. ನಾಡಿದ್ ಕಾರ್ಯಕ್ರಮ ಮಾಮೂಲಿ."

ಶೀನಜ್ಜ ಗೋಡೆಯ ಅಂಗಿಯನ್ನು ಒಮ್ಮೆ ನೋಡಿದರು. ಮಾತಾಡಿದ್ದು ಬಾಗಿಲಲ್ಲಿ ನಿಂತ ಗುಲಾಬಜ್ಜಿ.

"ಒಲೀಗ್ ಹಾಕುಕೆ ಅದೆಂತ ಕಾಯಿಸಿಪ್ಪಿಯಾ? ನಾ ಈ ಮನಿಗ್ ಬಂದಲ್ಲಿಂದ್ ಆ ಹೆಣ್ಣಿನ್ ಮುಖ ಕಂಡ್ಕಂಡೇ ಪೆಟ್ಟಿಗ್ ಬಟ್ಟಿ ಮಡ್ಚಿ ಇಟ್ಟಿದ್ದೆ. ನಂಗ್ ಇಲ್ದಿದ್ ನಾಚ್ಕಿ ನಿಮ್ಗ್ ಎಲ್ಲಿಂದ್ ಬಂತ್ ಸುಧಾಕರ? ಎಲ್ಲರ್ ಮನಿ ದ್ವಾಸಿಯೂ ತೂತೇ."

"ಹಾಂಗಲ್ಲ ಗುಲಾಬಕ್ಕ..."

"ನಂಗ್ ಆ ಪುಸ್ತಕದ್ ಮೇಲೆ ಒಂದೇ ಸಿಟ್ಟ್. ಅಷ್ಟ್ ಬಿಗ್ದ್ ಕಟ್ಕಂಡ್ರೆ ಆ ಹೆಣ್ಣ್ ಉಂಬುದ್ ಹ್ಯಾಂಗೆ? ಬರ್ದವ್ನಿಗ್ ಅದೊಂದ್ ತಲೀಗ್ ಹೋಯ್ಲಿಲ್ಲೆ."

ಜಾಲಾಡಿ ನಾನು ಕಂಡುಕೊಂಡ ಯಾವ ಚರಿತ್ರೆಯಲ್ಲೂ ಈ ಪ್ರಶ್ನೆಯಿರಲಿಲ್ಲ. ಆ ಚಿತ್ರಗಳನ್ನು ಬರೆದವರೂ ನೋಡಿದವರೂ ಹೆಚ್ಚಾಗಿ ಗಂಡಸರು. ನಡು ಮಾತ್ರ ಹೆಂಗಸಿನದು. ಇಷ್ಟಪಟ್ಟು ಕಟ್ಟಿಕೊಂಡವರಿದ್ದರು, ಹಾಡುವ ಹೆಂಗಸಿನ ಹಾಗೆ. ಉಣ್ಣದೆ ಕಟ್ಟಿಕೊಂಡವರೂ ಇದ್ದಿರಬೇಕು. ಅದನ್ನು ಕೇಳುವ ಹಕ್ಕು ಗುಲಾಬಜ್ಜಿಗಿದೆ. ಸುಧಾಕರಣ್ಣನಿಗೆ ಇದೆಯೇ?

ಈ ಘಟ್ಟದಲ್ಲಿ ಎಲ್ಲರೂ ನನ್ನತ್ತ ನೋಡಿದರು. ನನ್ನ ಭಾಷಣಕ್ಕೆ ಇದೇ ಸುಮುಹೂರ್ತ. ನಾನು ಎದ್ದು ನಿಂತು, ಗಂಟಲು ಸರಿಪಡಿಸಿ, "ಎಲ್ಲರಿಗೂ ಚಾ ಆಯ್ಕಾ?" ಎಂದೆ.

ಆಗ ಶೀನಜ್ಜ ಕನ್ನಡಕ ಹಾಕಿಕೊಂಡರು. "ಸುಧಾಕರ, ಆ ಚೀಲ ಇತ್ಲಾಯ್ ಕೊಡ್ ಕಾಂಬ."

ಶಾಲು ತಂದ ಚೀಲ ಅದು, ಸುಧಾಕರಣ್ಣನ ಅಂಗಡಿಯದ್ದೇ. ಮೇಲೊಬ್ಬಳು ಹುಡುಗಿಯ ಬಣ್ಣದ ಚಿತ್ರ. ಶೀನಜ್ಜ ಅದನ್ನು ಬೆಳಕಿಗೆ ಹಿಡಿದು ನೋಡಿದರು.

"ಈ ಹೆಣ್ಣ್ ನಡುವಿಗ್ ಕಟ್ಕಂಡದ್ ಎಂತ?"

"ಅದಾ? ಅದ್ ಫ್ಯಾಷನ್ ಶೀನಣ್ಣ. ಹೊಸ ಸ್ಟಾಕ್. ಈಗಿನ್ ಮಕ್ಳ್ ಸೀರಿ ಮೇಲ್ ಕಟ್ಕಂತ್ರ್."

ಶೀನಜ್ಜ ಎದ್ದು ಒಳಗೆ ಹೋಗಿ ಎರಡನೆಯ ಪುಸ್ತಕ ತಂದು, ಪುಟ ಹುಡುಕದೆ ನೇರವಾಗಿ ಬಿಡಿಸಿ, ಚೀಲದ ಪಕ್ಕಕ್ಕೆ ಇಟ್ಟರು. ಕೆಳಗೆ ಚೂಪಾಗುವ ಅದೇ ಅಂಚು, ನಡುವಿನಲ್ಲಿ ಅದೇ ದಾರ.

"ದಾರ ಹೋಪ ಕಣ್ಣ್ ಲೆಕ್ಕ ಹಾಕ್. ಇದ್ರಗೆ ಏಳ್, ಅದ್ರಗೂ ಏಳೇ. ಹೊಲ್ದವ್ನಿಗ್ ಮಾತ್ರ ಕೆಲ್ಸ ಬತ್ತಿಲ್ಲೆ, ಉಸ್ರಿಗ್ ಜಾಗ ಬಿಡ್ಲಿಲ್ಲೆ." ಕನ್ನಡಕ ತೆಗೆದರು. "ಈ ಚೀಲವನ್ನೂ ಒಲೀಗ್ ಹಾಕುವಾ?"

ಸುಧಾಕರಣ್ಣ ಎದ್ದು, ಪಂಚೆ ಸರಿಮಾಡಿಕೊಂಡು, ಹೇಳಿದ್ದು ಎರಡೇ ಎರಡು ಮಾತು: "ಅದ್ ಬೇರೆ, ಶೀನಣ್ಣ. ಇದ್ ಬೇರೆ."

ಅದು ಬೇರೆ, ಇದು ಬೇರೆ! ಸ್ವಾಮಿ, ಈ ಒಂದು ವಾಕ್ಯದ ಮೇಲೆ ನನಗಿರುವ ಸಿಟ್ಟು ಕುಂದಾಪುರದಿಂದ ಬೈಂದೂರಿನವರೆಗಿನ ಹೆದ್ದಾರಿಯಷ್ಟು ಉದ್ದವಿದೆ, ಹೊಂಡಗಳೂ ಅಷ್ಟೇ ಇವೆ. ಹೆಸರಿಲ್ಲದ ದರ್ಜಿ ಕದ್ದುಮುಚ್ಚಿ ಹೊಲಿದರೆ ಅದು, ಹೆಸರಿರುವ ಅಂಗಡಿ ದೀಪ ಹಾಕಿ ಮಾರಿದರೆ ಇದು. ಆ ಪ್ರಕಾಶಕರನ್ನು ಕಟಕಟೆಗೆ ಹತ್ತಿಸಿದ ಅಧಿಕಾರಿಯೂ ತನ್ನ ಭಾಷೆಯಲ್ಲಿ ಇದನ್ನೇ ಹೇಳಿರಬೇಕು. ಕಟ್ಟುಪಾಡು, ಕಟ್ಟಳೆ, ಕಟ್ಟುನಿಟ್ಟು ಎಂದು ನಾವು ಎಷ್ಟೊಂದು ಕಟ್ಟುಗಳನ್ನು ಕಟ್ಟಿಕೊಂಡಿದ್ದೇವೆ! ಕಟ್ಟುವುದು ತಪ್ಪಲ್ಲ, ಕಟ್ಟದೆ ವೇಷವಿಲ್ಲ. ಆದರೆ ಎರಡು ಬೆರಳಿನ ಜಾಗ ಬಿಡಬೇಕೆಂಬುದು ಆ ಪುಸ್ತಕ ಹೊಲಿಗೆಗಾಗಿ ಓದಿದ ಶೀನಜ್ಜನಿಗೆ ತಿಳಿದಿದೆ, ಓದದೆ ಸುಡಲು ಬಂದವರಿಗೆ ತಿಳಿದಿಲ್ಲ.

ಶೀನಜ್ಜ ಚೀಲವನ್ನು ಶಾಲು ಸಮೇತ ಮರಳಿಸಿದರು. "ತಕಂಡ್ ಹೋಯ್ನಿ. ಪುಸ್ತಕ ಇಲ್ಲೇ ಇರ್ಲಿ," ಎಂದರು. ದನಿಯೇರಲಿಲ್ಲ. ಕಾರು ಹೋದ ಮೇಲೆ ಗುಲಾಬಜ್ಜಿ 'ಅಂಗಿ ಪೆಟ್ಟಿಗ್ ಇಡ್ಲಾ?' ಎಂದು ಕೇಳಿದ್ದು, ಅದಕ್ಕವರು ಕನ್ನಡಕ ಒರೆಸುತ್ತ ಕೂತದ್ದು, ನನ್ನ ಕಣ್ಣೆದುರೇ ಇದೆ. ನಾನು ಆ ಹೊತ್ತಲ್ಲಿ ಚಾ ಲೋಟಗಳನ್ನು ಒಳಗಿಡುವ ನೆಪದಲ್ಲಿ ಹಿತ್ತಲ ಬಾಗಿಲಿಂದ ಜಾರಿ, ಸಿಕ್ಕಿದ ಬಸ್ಸು ಹತ್ತಿದೆ. ಎರಡು ತಿಂಗಳು ಹೋಗಲಿಲ್ಲ.

ವಾರ್ಷಿಕೋತ್ಸವ ವಿಜೃಂಭಣೆಯಿಂದ ನಡೆಯಿತು. ಸ್ಮರಣ ಸಂಚಿಕೆ ಅಂಗಡಿಗೆ ಬಂದಾಗ ಶೀನಜ್ಜನ ಪುಟ ಇರಬೇಕಿದ್ದ ಜಾಗ ಹುಡುಕಿದೆ. ಅಲ್ಲಿ ಪೂರ್ಣಪುಟದ ಜಾಹೀರಾತು. ಸುಧಾಕರಣ್ಣನ ಅಂಗಡಿ, ಅದೇ ಹುಡುಗಿ, ಅದೇ ನಡುಪಟ್ಟಿ, ಕೆಳಗೆ 'ಹೊಚ್ಚ ಹೊಸದು' ಎಂಬ ಘೋಷಣೆ. ನಕ್ಕೆನೋ ಹಲ್ಲು ಕಡಿದೆನೋ ನೆನಪಿಲ್ಲ. ಹೊಚ್ಚ ಹೊಸದಂತೆ! ಬಿಜೂರಿನ ಪೆಟ್ಟಿಗೆಯೊಂದರಲ್ಲಿ ಅದು ಅರವತ್ತು ವರ್ಷದಿಂದ ಮಡಚಿಟ್ಟ ಬಟ್ಟೆಗಳ ನಡುವೆ ಮುಗುಳ್ನಗುತ್ತ ಕೂತಿದೆ. ಆ ಕ್ಷಣವೇ ಈ ಬರಹ ಶುರುವಾದದ್ದು. ಸಂಚಿಕೆಯಲ್ಲಿ ಸಿಗದ ಪುಟವನ್ನು ನಿಮ್ಮ ಕೈಗಾದರೂ ಕೊಡೋಣವೆಂದು.

ಹಾಗೆ ಮೊನ್ನೆ, ಅಮ್ಮ ಗದರಿದ ಮೇಲೆ, ಸುಟ್ಟ ಬೆಲ್ಟನ್ನು ಚೀಲಕ್ಕೆ ಹಾಕಿಕೊಂಡು, ಪ್ಯಾಂಟನ್ನು ಕೈಯಲ್ಲಿ ಹಿಡಿದುಕೊಂಡೇ ಬಿಜೂರಿನಲ್ಲಿ ಇಳಿದೆ. ಶೀನಜ್ಜ ಜಗಲಿಯಲ್ಲಿ ಹಲಸಿನ ಹಪ್ಪಳಕ್ಕೆ ಕಾಗೆ ಕಾಯುತ್ತಿದ್ದರು. ಮೈಮೇಲೆ ಸನ್ಮಾನದ ಬಿಳಿ ಅಂಗಿ. ಪೆಟ್ಟಿಗೆಗೆ ಹೋಗಿರಲಿಲ್ಲ; ದಿನಾ ತೊಟ್ಟು ತೊಟ್ಟು ಕಾಲರಿನಲ್ಲಿ ಆಗಲೇ ಹಳದಿ ಗೆರೆ ಮೂಡಿತ್ತು.

"ಮಿಷಿನ್ ಮಿಸ್ಟೇಕ್ ಬಂತಾ?" ಎಂದರು ನನ್ನನ್ನು ಕಂಡು.

ಎಲ್ಲವೂ ಗೊತ್ತಿತ್ತು ಹಾಗಾದರೆ. ನಾನು ಬಸ್ಸಿನಲ್ಲಿ ಈ ಸಲವೂ ಒಂದು ಭಾಷಣ, ಕ್ಷಮಾಪಣೆಯದ್ದು, ಬಾಯಿಪಾಠ ಮಾಡಿದ್ದೆ. "ತಪ್ಪಾಯ್ತ್ ಅಜ್ಜ. ನಾ ಅವತ್ತ್ ಹೇಳ್ಕ್ ಇತ್ತ್," ಎನ್ನುವಷ್ಟು ಮಾತ್ರ ಬಾಯಿಂದ ಬಂತು. ಅವರು ಬೆಲ್ಟು ಇಸಿದುಕೊಂಡು ಕರಟಿದ ತೂತನ್ನು ಬೆಳಕಿಗೆ ಹಿಡಿದರು.

"ಇದೆಂತ, ಇಲಿ ಕಚ್ಚದ್ದಾ?"

"ತೂತ್ ಮಾಡುಕ್ ಹೋದೆ."

"ತೂತಲ್ಲ ಮಾಣಿ. ಕಣ್ಣ್ ಅನ್ಕ್. ತೂತ್ ಇಲಿ ಮಾಡತ್ತ್, ಕಣ್ಣ್ ದರ್ಜಿ ಮಾಡುದ್."

ಕಬ್ಬಿಣದ ಸಣ್ಣ ಕೊಳವೆಯಂಥ ಹತಾರ ತಂದು, ಕರಟಿದ ಜಾಗದ ಮೇಲೆ ಇಟ್ಟು, ಮರದ ಸುತ್ತಿಗೆಯಿಂದ ಒಂದೇ ಏಟು. ಹಿತ್ತಾಳೆಯ ಸಣ್ಣ ಉಂಗುರ ಕೂರಿಸಿ ಇನ್ನೊಂದು ಏಟು. ಪ್ರಾಯ ಎಂಬತ್ತೇಳು, ಏಟು ತಪ್ಪಲಿಲ್ಲ. ಬೆಲ್ಟನ್ನು ತಾವೇ ನನ್ನ ಸೊಂಟಕ್ಕೆ ಸುತ್ತಿ ಬಿಗಿದು, ನಾನು ಅಭ್ಯಾಸಬಲದಿಂದ ಹೊಟ್ಟೆಯನ್ನು ಒಳಗೆಳೆದುಕೊಂಡಾಗ, "ಬಿಡ್, ಬಿಡ್, ಉಸ್ರ್ ಬಿಡ್," ಎಂದು ಗದರಿದರು. ಬಿಟ್ಟೆ. ಆಮೇಲೆ ಬೆಲ್ಟಿಗೂ ಹೊಟ್ಟೆಗೂ ನಡುವೆ ತಮ್ಮ ಎರಡು ಬೆರಳನ್ನು ತೂರಿಸಿ ನೋಡಿದರು.

ಸಲೀಸಾಗಿ ಹೋದವು. ಆರನೆಯ ಕಣ್ಣು ಬಿಸಿಲಿಗೆ ಮಿನುಗುತ್ತಿತ್ತು.